ಮಂಗಳವಾರದ ನದಿ

ನಾಲ್ಕನೆಯ ತರಗತಿಯ ಪಠ್ಯದಲ್ಲಿ ನ್ಯೂ ಮೆಕ್ಸಿಕೊ
ಒಟ್ಟು ಹನ್ನೊಂದು ಪುಟ.
ರಾಜಧಾನಿ ಸಾಂತಾ ಫೆ. ಹೂವು ಯುಕ್ಕಾ.
ಹಕ್ಕಿಯೊಂದಿದೆ, ಹಾರುವುದಕ್ಕಿಂತ ಓಡುವುದೇ ಹೆಚ್ಚು.
ಒಕ್ಕೂಟ ಸೇರಿದ್ದು ಸಾವಿರದ ಒಂಬೈನೂರ ಹನ್ನೆರಡರಲ್ಲಿ,
ನಲವತ್ತೇಳನೆಯ ರಾಜ್ಯವಾಗಿ,
ತಡವಾಗಿ ಬಂದವನಿಗೆ ಪಂಕ್ತಿಯ ಕೊನೆಯಲ್ಲಿ
ಕಂಬದ ಮರೆಯ ಎಲೆ ಸಿಕ್ಕ ಹಾಗೆ.

ನಮ್ಮ ನದಿ ಯಾವುದು, ಕೇಳಿದೆ.
ರಿಯೊ ಗ್ರಾಂಡೆ! ಹದಿನಾರು ಬಾಯಿ ಒಟ್ಟಿಗೆ.
ಕಿಟಕಿ ಬದಿಯ ಬೆನೀತಾ ಮೊಂಡ್ರಗಾನ್ ಮಾತ್ರ
ಪೆನ್ಸಿಲ್ ಕಚ್ಚುತ್ತ, 'ಯಾವ ದಿನ, ಮಿಸ್?' ಅಂದಳು.
'ಮಂಗಳವಾರ ರಾತ್ರಿ ಹತ್ತರಿಂದ ಎರಡರವರೆಗೆ ನದಿ ನಮ್ಮದು.
ಆಮೇಲೆ ಅರ್ಚುಲೇತಾ ಅವರದು.'

ಮಾರ್ಚಿನ ಕೊನೆಯ ಶನಿವಾರ
ರಿಂಕೊನ್ ಸೆಕೊಗೆ ಹೋದೆ. ಒಣ ಮೂಲೆ ಎಂದು ಅರ್ಥ;
ಹೆಸರಿಟ್ಟವರು ಸುಳ್ಳಾಡಿಲ್ಲ.
ಅವಳ ತಾತ ಎಲ್ಫೇಗೊ, ಮೊಣಕಾಲುದ್ದ ಬೂಟು,
ಕಿವಿಯ ಹಿಂದೆ ಮೊಂಡು ಪೆನ್ಸಿಲು,
ಸನಿಕೆಯ ಹಿಡಿಯಲ್ಲೇ ಕಾಲುವೆ ಅಳೆದು
ಆಳಿಗಿಷ್ಟೆಂದು ಗೀಟು ಹಾಕುತ್ತಿದ್ದ.
ಇಲ್ಲಿಯವರು ಅವನನ್ನು ಮಯೊರ್ದೊಮೊ ಅನ್ನುತ್ತಾರೆ.
ನನ್ನ ಬಾಯಲ್ಲಿ, ನಾನು ಕರೆಯದೆಯೇ,
ಬಂದು ನಿಂತ ಪದ: ನೀರುಗಂಟಿ.
ಇಪ್ಪತ್ತು ವರ್ಷ ಯಾರೊಂದಿಗೂ ಆಡದ ಪದ,
ತುಕ್ಕು ಹಿಡಿದಿರಲಿಲ್ಲ.

'ವುಯೆಲ್ತಾ!' ಎಂದು ಅವನು ಕೂಗಿದರೆ
ಮೂವತ್ತು ಸನಿಕೆ ಒಟ್ಟಿಗೇ ಮುಂದೆ ಸರಿಯುತ್ತವೆ.
ಹೂಳಿನಲ್ಲಿ ಬಂದವು: ಬಿಯರ್ ಡಬ್ಬಿ, ಗೊಂಬೆಯ ತೋಳು,
ವಿಲೋ ಬೇರಿನ ಕೆಂಪು ಜಡೆ, ಸವೆದ ಲಾಳ,
ಎಳ್ಳಷ್ಟು ಬಣ್ಣ ಉಳಿದ ಮಡಕೆಯ ಚೂರು.
ಲಾಳ ಅವನ ಜೇಬಿಗಿಳಿಯಿತು. ಚೂರನ್ನು
ಇದ್ದಲ್ಲೇ ಒತ್ತಿ ಮುಚ್ಚಿದ.
'ಅದು ನಮ್ಮದಲ್ಲ. ಕೆಳಗೆ ಪ್ವೆಬ್ಲೊ ಇದೆಯಲ್ಲ, ತೇವಾ ಮಂದಿ,
ಅವರ ಅಜ್ಜಿಯದು. ನಾವು ಬರುವಾಗ
ಅವರಿಗೂ ಕಾಲುವೆಯಿತ್ತು.
ಕೇಳಿ ತಗೊಂಡೆವು ಅಂತ
ಯಾರೂ ನನಗೆ ಹೇಳಿಲ್ಲ.'

ಮಧ್ಯಾಹ್ನ ಬೀನ್ಸು, ರೊಟ್ಟಿ, ಕಣ್ಣಲ್ಲಿ ನೀರಿಳಿಸುವ ಕೆಂಪು ಚಿಲಿ.
ಅವನ ತಾತನ ತಾತ ಹುಟ್ಟುವಾಗ ಸ್ಪೇನ್,
ಮೀಸೆ ಮೂಡುವಾಗ ಮೆಕ್ಸಿಕೊ,
ಮೀಸೆ ನರೆಯುವಾಗ ಅಮೆರಿಕ.
'ಮೂರು ಸರ್ಕಾರ ಬಂದವು ಮಿಸ್,
ಮಂಗಳವಾರ ಹಾಗೇ ಇತ್ತು.'
ಮೇಲಿನ ಕಾಡು ಮಾತ್ರ ಹಾಗೇ ಇರಲಿಲ್ಲ.
ಊರೊಟ್ಟಿನ ಗೋಮಾಳ; ಕಾಗದವೊಂದು ಎಲ್ಲೋ ಕಳೆಯಿತು.
ಈಗ ಕಂದು ಬೋರ್ಡು, ಹಳದಿ ಅಕ್ಷರ, ಸೌದೆಗೆ ರಸೀತಿ.

ಸಂಜೆ ಸಾಂಗ್ರೆ ದೆ ಕ್ರಿಸ್ತೊ ಬೆಟ್ಟಸಾಲು
ಹೆಸರಿಗೆ ತಕ್ಕಂತೆ ನೆತ್ತರಾಯಿತು.
ಅವನು ಬಣ್ಣ ನೋಡಲಿಲ್ಲ. ಹಿಮ ಎಲ್ಲಿಗೆ ನಿಂತಿದೆ ನೋಡಿದ,
ಬೆರಳು ಮಡಿಸಿ ಎಣಿಸಿದ.
ಮೇ. ಜೂನ್. ಜುಲೈಗೆ ಬೆರಳು ಮಡಿಯಲಿಲ್ಲ.

ಪಡುವಣ ದಿಬ್ಬದ ಮೇಲೆ ಲಾಸ್ ಅಲಾಮೋಸಿನ ದೀಪ ಹತ್ತಿದವು.
ಯುದ್ಧದ ಕೊನೆಯ ವರ್ಷ ಅವನಮ್ಮ ಅಲ್ಲಿ ನೆಲ ಒರೆಸುತ್ತಿದ್ದಳಂತೆ,
ತುಂಬು ಬಸುರಿ.
ಒಳಗೆ ಏನು ಬೇಯುತ್ತಿದೆಯೆಂದು ಕೇಳುವಂತಿರಲಿಲ್ಲ.
ಪಠ್ಯದಲ್ಲಿ ಇದಕ್ಕೆ ಒಂದೂವರೆ ಸಾಲು,
ಒಂದು ಫೋಟೊ.

ಏಪ್ರಿಲ್‌ನಲ್ಲಿ ಪರೀಕ್ಷೆ. ಹತ್ತನೆಯದು:
ರಾಜ್ಯದ ಅಧಿಕೃತ ಪ್ರಶ್ನೆ ಯಾವುದು?
ನಗಬೇಡಿ, ಶಾಸನಸಭೆ ಒಪ್ಪಿ ಪಾಸು ಮಾಡಿದ್ದು,
ಉತ್ತರ ಪುಸ್ತಕದಲ್ಲೇ ಇದೆ:
ಊಟಕ್ಕೆ ಚಿಲಿ ಕೆಂಪೋ, ಹಸಿರೋ?
ಬೆನೀತಾ ಬರೆದಿದ್ದಳು:
ನೀರು ಎಲ್ಲಿಗೆ ಬಂತು?

ಕೆಂಪು ಪೆನ್ನು ಎತ್ತಿದೆ. ಇಟ್ಟೆ.
ಡ್ರಾಯರಿನಲ್ಲಿ ಹಸಿರು ಹುಡುಕಿದೆ, ಸಿಗಲಿಲ್ಲ.
ಮಂಗಳವಾರ. ಹತ್ತಕ್ಕೆ ಐದು ನಿಮಿಷ.
ಇನ್ನೈದು ನಿಮಿಷಕ್ಕೆ ತಾತ ತೂಬಿನ ಹಲಗೆ ಎತ್ತುತ್ತಾನೆ.
ಮುಂದೆ ನಾಯಿ, ನಾಯಿಯ ಹಿಂದೆ ಟಾರ್ಚು,
ಟಾರ್ಚಿನ ಹಿಂದೆ
ತರಗೆಲೆ ನೂಕಿಕೊಂಡು, ಮಣ್ಣು ಮೂಸುತ್ತ,
ನಾಲ್ಕು ಗಂಟೆಯ ಮಟ್ಟಿಗೆ
ಅವರ ನದಿ.