ಹನ್ನೊಂದು ಫ್ರೇಮು

ಶಿಡ್ಲಘಟ್ಟದ ಗೂಡಿನ ಮಾರ್ಕೆಟ್ಟಿನ ಹಿಂದೆ
ಕಬ್ಬಿಣದ ಏಣಿ ಹತ್ತಿದರೆ ಒಂದೇ ಕೋಣೆ.
ಕೆಳಗೆ ಹುಳ ಬೆಂದ ವಾಸನೆ,
ಮೇಲೆ ಎರಡು ಪರದೆ, ಒಂದು ಫ್ಯಾನು, ಜಬೀವುಲ್ಲಾ.
ಫೈಲುಗಳಿಗೆ ಹೆಸರಿಡುವುದು, ಚಹಾ ತರುವುದು,
ಕರೆಂಟು ಹೋದಾಗ ಇಬ್ಬರ ಪರವಾಗಿಯೂ ಬೈಯುವುದು
ನನ್ನ ಕೆಲಸ.

ತೊಂಬತ್ತೈದರಲ್ಲಿ, ಬೆಂಗಳೂರಿನ ಯಾವುದೋ ನೆಲಮಾಳಿಗೆಯಲ್ಲಿ,
ಮೂರನೇ ಕೈಯಿಂದ ಕೊಂಡ ಡ್ರಮ್ ಮಿಷನ್ನಿಗೆ
ರೀಲಿಂಗ್ ಶೆಡ್ಡಿನ ಸದ್ದು ಕಲಿಸಿದನಂತೆ:
ಬಾಂಡ್ಲಿಯ ಕೊತಕೊತ, ರಾಟೆಯ ಕಟಕಟ,
ಅಡಿಯಲ್ಲಿ ಒಂದೇ ಸಮ
ಧಮ್ ಧಮ್ ಧಮ್ ಧಮ್.
ಇದರ ಹೆಸರು ಹೌಸ್ ಅಂದಾಗ
"ಯಾರ ಮನೇದು?" ಅಂದರಂತೆ ಅವರಪ್ಪ.
"ಬಾಡಿಗೆ ಮನೇದು" ಅಂದನಂತೆ.

ಮೊನ್ನೆ ಮೂವರು ಹುಡುಗರು ಕಾರಿನಲ್ಲಿ ಬಂದರು.
ಪ್ಲಾಸ್ಟಿಕ್ ಕವರಿನಲ್ಲಿ ತಾಯಿತದ ಹಾಗೆ ಅವನ ಕ್ಯಾಸೆಟ್ಟು.
"ಸರ್, ಈ ದೇಶಕ್ಕೆಲ್ಲ ನೀವೇ ಮೊದಲು."
"ಮೊದಲು ಬಂದ ಗೂಡಿಗೆ ರೇಟು ಕಮ್ಮಿ" ಅಂದ,
"ಹರಾಜು ಬಿಸಿಯಾಗುವುದು ಆಮೇಲೆ."
ಅವರು ನಕ್ಕರು. ಸಹಿ ಹಾಕಿಸಿಕೊಂಡರು.
ಚಿತ್ರ ಯಾವುದರ ಬಗ್ಗೆ ಅಂತ ಕೇಳಲಿಲ್ಲ.

ಚಿತ್ರ ಖುತೇಜಾ ಬಿ ಬಗ್ಗೆ.
ಎದುರು ಶೆಡ್ಡಿನಲ್ಲಿ ಮೂವತ್ತೊಂದು ವರ್ಷ
ಕುದಿನೀರಿಗೆ ಬೆರಳಿಟ್ಟು ಎಳೆಯ ತುದಿ ಹುಡುಕಿದವಳು.
ಬೆರಳ ತುದಿ ಬಿಳಿಚಿ, ಗೆರೆಯೆಲ್ಲ ಅಳಿಸಿ,
ರೇಷನ್ ಅಂಗಡಿಯ ಯಂತ್ರ ಅವಳನ್ನು ಒಪ್ಪುವುದಿಲ್ಲ.
ನಾಲ್ಕು ವರ್ಷದ ಶೂಟಿಂಗು, ಇನ್ನೂರು ಗಂಟೆ.
ಇನ್ನೂ ತುದಿ ಸಿಕ್ಕಿಲ್ಲ ಅನ್ನುತ್ತಾನೆ ಇವನು.

ಲೆಕ್ಕ ಹೇಳಿಕೊಟ್ಟಿದ್ದಾನೆ:
ನಿಮಿಷಕ್ಕೆ ನೂರಿಪ್ಪತ್ತು ಬಡಿತ, ಅವನ ಹಳೇ ನಡಿಗೆ.
ಸೆಕೆಂಡಿಗೆ ಇಪ್ಪತ್ನಾಲ್ಕು ಫ್ರೇಮು.
ಅಲ್ಲಿಗೆ ಬಡಿತಕ್ಕೆ ಹನ್ನೆರಡು.
ಅವನು ಹನ್ನೊಂದಕ್ಕೇ ಕತ್ತರಿಸುತ್ತಾನೆ.
ಯಾಕೆ ಅಂದರೆ ಹೇಳುವುದಿಲ್ಲ,
ಚಹಾ ಆರಿದೆ ಅನ್ನುತ್ತಾನೆ.

ನಿನ್ನೆ ರಾತ್ರಿ ನಾನೇ ಅಂದೆ:
ಅವಳು ನೀರಿನಿಂದ ಕೈ ಎತ್ತುವಲ್ಲಿ
ನಿಮ್ಮ ಹಳೇ ಟ್ರ್ಯಾಕ್ ಹಾಕಿ ನೋಡೋಣ, ಒಂದೇ ಸಲ.
ಹಾಕಿದ. ಕೋಣೆಯ ಗಾಜು ನಡುಗಿತು.
ಬಾಂಡ್ಲಿಯಿಂದ ಹುಟ್ಟಿದ ಸದ್ದು ಬಾಂಡ್ಲಿಗೇ ಬಂದು ಕೂತಿತು,
ಅಷ್ಟು ಹೊಂದಿಕೆ. ನನಗೆ ಕಣ್ಣಲ್ಲಿ ನೀರು.
ತಿರುಗಿದರೆ
ಅವನು ಪರದೆ ನೋಡುತ್ತಿಲ್ಲ, ನನ್ನ ಪಾದ ನೋಡುತ್ತಿದ್ದಾನೆ.

"ನಿನ್ನ ಕಾಲು ಕುಣೀತು.
ಅವಳ ಬೆರಳು ಕಂಡಿತಾ?"

ಕಂಡಿರಲಿಲ್ಲ.

ಅಳಿಸಿದ. ಬರೀ ನೀರಿನ ಸದ್ದು ಉಳಿಸಿದ,
ಅದನ್ನೂ ಅರ್ಧಕ್ಕೆ ತಗ್ಗಿಸಿದ.
ಅಷ್ಟರಲ್ಲಿ ಕರೆಂಟು ಹೋಯಿತು.
ಕೆಳಗೆ ಮೋಟರುಗಳು ಒಂದೊಂದೇ ನಿಂತವು,
ಎದುರು ಶೆಡ್ಡಿನಲ್ಲಿ ಯಾರೋ ಕೆಮ್ಮಿದರು.
ಬೈಯಲು ಬಾಯಿ ತೆರೆದವಳು
ಮೊಬೈಲಿನ ಬೆಳಕು ಹಚ್ಚಿ ಸುಮ್ಮನಾದೆ.

ಜಬೀವುಲ್ಲಾ ಅಲುಗದೆ ಕೂತಿದ್ದ, ಕೈ ಕಟ್ಟಿ, ಕಣ್ಣು ಮುಚ್ಚಿ.
ಮೇಜಿನ ಅಡಿ ಅವನ ಮೊಣಕಾಲು ಮಾತ್ರ ಏನು ಮಾಡುತ್ತಿತ್ತೋ,
ನನ್ನ ಲೋಟದ ಚಹಾದಲ್ಲಿ
ಸಣ್ಣ ಸಣ್ಣ ಉಂಗುರ ಏಳುತ್ತಿದ್ದವು,
ಒಂದೇ ಸಮ.