ಎಂಟನೇ ನಂಬರಿನ ಬೂಟು

ಸೆಕ್ಷನ್ ಆಫೀಸಿನಾಗ ಒಂದು ಹಾಳಿ ಕೊಟ್ಟಾರ,
ತರಬೇತಿಯ ಮೊದಲ ವರ್ಷ ಮುಗೀತು, ತುಂಬಿ ಕೊಡು ಅಂತ.
ಹೆಸರು: ಸಾಬಮ್ಮ. ಊರು: ದೋರನಹಳ್ಳಿ.
ಹುದ್ದೆ: ಕಿರಿಯ ಪವರ್‌ಮ್ಯಾನ್.
ಆ 'ಮ್ಯಾನ್' ಮ್ಯಾಲ ಪೆನ್ನು ಜರಾ ಹೊತ್ತು ನಿಂತಿತು,
ಆಮ್ಯಾಲ ಮುಂದ ಹೋತು.

'ಈ ವರ್ಷ ಕಲಿತದ್ದು' ಅನ್ನೋದಕ್ಕ ಎರಡು ಗೆರಿ ಬಿಟ್ಟಾರ.
ಎರಡು ಗೆರಿ!
ಹತ್ತಿಗೂಡೂರ ಫೀಡರಿನ ಕಂಬಗಳ ನಂಬರ್ ಬರದ್ರೇ
ಹಾಳಿ ಸಾಲಂಗಿಲ್ಲ.

ಮೊದಲನೇ ವಾರ ಅರ್ಧ ಕಂಬ ಏರಿ, ನಡುಗಿ ಇಳದೆ.
ಪಕ್ಕಡ್ ಮರ್ತು ಬಂದೀನಿ ಅಂದೆ ಎಲ್ಲರ ಮುಂದ.
ಅದು ಸೊಂಟದಾಗೇ ಇತ್ತು.
ಮಶಾಕಸಾಬ್ ಕಾಕಾ ನೋಡಿದ್ದ, ನಗಲಿಲ್ಲ.
ಬೀಡಿ ತುದಿ ನೆಲಕ್ಕ ಒತ್ತಿ
'ಇಳಿಯೋದು ಬಂತಲ್ಲ ಬೇಟಿ,
ಏರೋದು ಅದರ ಹಿಂದೇ ಬರ್ತದ' ಅಂದ.

ಬಂತು. ಒಮ್ಮೆಲೇ ಅಲ್ಲ.
ಬಂದ ದಿನ ನನಗ ಗೊತ್ತೇ ಆಗಿಲ್ಲ.
ತುದಿಗೆ ನಿಂತು ಪಿಂಗಾಣಿ ಒರಸೋ ಮುಂದ
ಎದುರಿಗೆ ಕಂಡಿತು, ಬುದ್ಧ ಮಲಗಿದಂಗ ಕಾಣೋ
ನಮ್ಮ ಶಹಾಪುರದ ಬೆಟ್ಟ.
ಹುಟ್ಟಿದಾಗಿಂದ ನೋಡೀನಿ. ಕೆಳಗಿಂದ.
ಇವತ್ತ ಅವನ ಮೂಗಿನ ಮ್ಯಾಲ ಬಿಸಲು ಕುಂತಿದ್ದು ಕಾಣ್ತು.
ಕಾಲು ನಡುಗಿಲ್ಲ ಅನ್ನೋದು
ಇಳದು ನೀರು ಕುಡಿಯೋವಾಗ ನೆನಪಾತು.

ತಪ್ಪೂ ಆಗ್ಯಾವ. ಅದಕ್ಕ ಹಾಳ್ಯಾಗ ಜಾಗ ಇಲ್ಲ.
ಆಷಾಢದಾಗ ಒಂದು ಟೀಸಿಗೆ ತಪ್ಪು ಫ್ಯೂಸ್ ಹಾಕಿ
ಅರ್ಧ ಓಣಿ ಕತ್ತಲ ಮಾಡಿದೆ, ಅದೂ ನಮ್ಮ ಸೋದರತ್ತಿ ಓಣಿ.
ಗಿರಣಿ ಮುಂದ ಜ್ವಾಳದ ಬುಟ್ಟಿ ಹಿಡದು ನಿಂತ ಹೆಂಗಸರು
ಏನೇನಂದ್ರು, ಎಲ್ಲಾ ನೆನಪದ.
ಒಬ್ಬಾಕಿ ತಂಬಿಗಿ ನೀರು ಕೊಟ್ಟಿದ್ದೂ.

ಮಾಘದಾಗ ಒಂದು ಮದುವಿ. ಲೈನ್ ಕಡದಿತ್ತು.
ಫೋನ್ ಮ್ಯಾಲ ಫೋನ್, ದೊಡ್ಡ ಮಂದಿ ಕಡಿಂದ.
'ಒಂದು ನಿಮಿಷದ ಕೆಲಸ, ಅರ್ಥಿಂಗ್ ಗಿರ್ಥಿಂಗ್ ಆಮ್ಯಾಲ ನೋಡಣಂತ, ಏರು.'
ಎಲ್‌ಸಿ ಬರೋ ತನಕ ಏರಂಗಿಲ್ಲ ಅಂದೆ.
ದನಿ ಗಟ್ಟಿ ಇದ್ದಿಲ್ಲ. ಮಾತು ಗಟ್ಟಿ ಇತ್ತು.
ನಲವತ್ತು ನಿಮಿಷ.
ಬ್ಯಾಂಡಿನವರು ಕತ್ತಲದಾಗೇ ಬಾರಿಸಿದ್ರು,
ಯಾರೂ ಸಾಯಲಿಲ್ಲ.

ಆ 'ಏರಂಗಿಲ್ಲ' ನನ್ನ ಹಿಂದ ಮನಿಗೂ ಬಂತು.
ಕಲಬುರಗಿಯಿಂದ ನೋಡಲಿಕ್ಕ ಬಂದವರು
'ಲಗ್ನ ಆದ್ಮ್ಯಾಲ ಕಂಬ ಬ್ಯಾಡ, ಆಫೀಸಿನಾಗ ಕೂಡಲಿ' ಅಂದಾಗ
ಚಾದ ಕಪ್ಪು ಕೆಳಗಿಟ್ಟು
ಇಲ್ರಿ ಅಂದೆ. ಅಷ್ಟೇ.
ಚೂಡಾ ತಿಂದು ಹೋದ್ರು.

ಅವ್ವ ಮೊದಲ ಕರೆಂಟ್ ಹೋದ್ರ
ಇಡೀ ಇಲಾಖೆಗೆ ಬೈತಿದ್ಳು.
ಈಗ ಬೀಸಣಿಗಿ ಹಿಡದು ಕಟ್ಟಿ ಮ್ಯಾಲ ಸುಮ್ಮ ಕುಂದ್ರತಾಳ.
ತಂತ್ಯಾಗ ಏನೂ ಇಲ್ಲ ಅಂದ್ರ
ಮಗಳ ಕೈಗೆ ಏನೂ ಆಗಂಗಿಲ್ಲ ಅಂತ.
ಬಂದ ಕೂಡಲೇ ಫೋನ್ ಹಚ್ಚತಾಳ:
'ಇಳದೇನ?'
ಲೈಟ್ ಬಂತು ಅಂತ ಒಂದು ಮಾತಿಲ್ಲ.

ಇದ್ಯಾವುದೂ ಎರಡು ಗೆರ್ಯಾಗ ಹಿಡಿಲಿಲ್ಲ.
'ಲೈನ್ ಕೆಲಸ ಕಲ್ತೀನಿ' ಅಂತ ಬರದೆ,
ಖಾಲಿ ಬಿಡಬಾರದಂತ.

ಕೊನೀಗೆ ಒಂದು ಕಾಲಂ: 'ಬೇಡಿಕೆ ಇದ್ದರೆ'.
ಅದನ್ನ ಯಾರೂ ತುಂಬಂಗಿಲ್ಲ ಬಿಡವಾ, ಅಂದ ಗುಮಾಸ್ತ.
ಇಲಾಖೆ ಕೊಟ್ಟ ಬೂಟು ಎಂಟನೇ ನಂಬರ್.
ನನ್ನ ಕಾಲು ಐದು.
ಕೊಟ್ಟ ದಿನ ತಕರಾರು ಮಾಡಲಿಲ್ಲ,
ಹೊಲದಾಗಿನ ಹತ್ತಿ ತುರುಕಿ ಹಾಕ್ಕೊಂಡೆ.
ಮಳ್ಯಾಗ ಹತ್ತಿ ನೆನದು
ಒಂದೊಂದು ಹೆಜ್ಜಿ ಒಂದೊಂದು ಕಲ್ಲಾಗ್ತಿತ್ತು.
ಬೆಳೆದು ಅದಕ್ಕ ಹೊಂದೋದು ನನ್ನ ಕೆಲಸ ಅಂತ ತಿಳಕೊಂಡಿದ್ದೆ.

ಪೆನ್ನು ಒತ್ತಿ ಬರದೆ:
ವರ್ಷಾತು ಸಾಹೇಬ್ರ, ಕಾಲು ಅಷ್ಟೇ ಅದ.
ಬೂಟು ಬದಲಿ ಮಾಡಿ ಕೊಡ್ರಿ.