ಏಳನೆಯ ಅಕ್ಷರ

ಡುಲೂತಿನ ಗುಡ್ಡದ ಮೇಲೊಂದು ನೆಲಮಾಳಿಗೆಯಲ್ಲಿ,
ಹಿಮ ಕಿಟಕಿಯ ಮುಕ್ಕಾಲು ನುಂಗಿದ ಫೆಬ್ರವರಿಯಲ್ಲಿ,
ಬಾಯ್ಲರಿನ ಪಕ್ಕ ಕೂತು
ಐಲಾ ಕೊಸ್ಕೆಲಾ ಮುರಿದ ಮೂಳೆಗಳನ್ನು ಓದುತ್ತಾಳೆ.
ಮುಟ್ಟುವುದಿಲ್ಲ. ನೋಡುವುದೂ ಇಲ್ಲ.
ನೋಡಿದವರು ಬರೆದದ್ದನ್ನು
ಏಳು ಅಕ್ಷರ ಮಾಡಿ ವಿಮೆಯವರಿಗೆ ಕಳಿಸುತ್ತಾಳೆ.

ಇವತ್ತಿನದು: ಮಾಯ್ ನೂ ಶೊಂಗ್, ಆರು ವರ್ಷ,
ಬಲ ಮೊಣಕೈ, ಹೊರಮಗ್ಗುಲು.
ಡಿಸೆಂಬರಿನಲ್ಲಿ ಶಾಲೆಯ ಕಬ್ಬಿಣದ ಏಣಿಗೂಡಿನಿಂದ ಬಿದ್ದದ್ದು.
ಕೈಗವಸು ಹಾಕಿಕೊಂಡು ಹಿಡಿದರೆ ಜಾರದೆ ಇನ್ನೇನು.
ಎಸ್, ನಾಲ್ಕು, ಎರಡು, ಚುಕ್ಕೆ, ನಾಲ್ಕು, ಐದು, ಒಂದು:
ಇಷ್ಟು ಮುರಿದ ದಿನವೇ ನಿಂತುಹೋಗುತ್ತದೆ, ಹಣೆಬರಹದ ಹಾಗೆ.
ಬದಲಾಗುವುದು ಕೊನೆಯದೊಂದೇ.

ತಂತಿ ಚುಚ್ಚಿ ಕೂಡಿಸಿದ ದಿನ ಎ.
(ಎ ಅಂದರೆ ಮೊದಲ ಸಲ ಎಂದುಕೊಂಡು
ಹೊಸಬರು ತಪ್ಪುತ್ತಾರೆ. ಅಲ್ಲ,
ಇನ್ನೂ ಕೈ ಹಾಕಿ ದುರಸ್ತಿ ನಡೆದಿದೆ ಎಂದು.)
ತಂತಿ ಕಿತ್ತ ದಿನ ಡಿ.
ವೈದ್ಯರದು ಮುಗಿಯಿತು, ಇನ್ನು ಮೂಳೆಯ ಕೆಲಸ.
ಡಿ ಅಂದರೆ ಬಂದರು, ತೋರಿಸಿದರು, ಸರಿಯಾಗಿದೆ, ಹೋದರು.
ಐಲಾಗೆ ಡಿ ಇಷ್ಟ.
ನಲವತ್ತು ಡಿ ಬರೆದ ದಿನ ಸಂಜೆ
ಸೌನಾದ ಬಿಸಿಗಲ್ಲಿಗೆ ಒಂದು ಸೌಟು ನೀರು ಹೆಚ್ಚಿಗೆ ಸುರಿಯುತ್ತಾಳೆ.

ಎಂಟನೆಯ ವಾರದ ಟಿಪ್ಪಣಿ:
"ಗೆರೆ ಇನ್ನೂ ಕಾಣುತ್ತಿದೆ. ನೋವಿಲ್ಲ. ನಾಲ್ಕು ವಾರ ಬಿಟ್ಟು ಬರಲಿ."
ಅಷ್ಟೇ.
ಗೆರೆ ಕಂಡರೆ ತಡವಾಗಿದೆ ಎಂದೇ? ತಡವಾದರೆ ಜಿ.
ಮೂವತ್ತೊಂದು ವರ್ಷದ ಅನುಭವ ಜಿ ಅನ್ನುತ್ತದೆ.
ಆದರೆ ಗೆರೆಗೆ ಅರ್ಥ ಹೇಳುವ ಅಧಿಕಾರ ಅವಳದಲ್ಲ.
ಊಹಿಸಬಾರದು.
ಉತ್ತರವನ್ನು ಬಾಯಿಗೆ ತುರುಕುವ ಹಾಗೆ ಕೇಳಲೂ ಬಾರದು.
"ಡಾಕ್ಟರೇ, ಮೂಳೆ ಕೂಡುತ್ತಿರುವ ಬಗೆಯನ್ನು ದಯವಿಟ್ಟು ಸ್ಪಷ್ಟಪಡಿಸಿ"
ಎಂದು ಬರೆದು, ಎರಡು ಸಲ ಓದಿ, ಕಳಿಸಿ,
ಕಾದಳು.

ಕಾಯುವಾಗ ಮೊಣಕೈ ಮೇಜಿಗೆ ತಾಗುತ್ತದೆ.
ಅವಳದು, ಎಡದ್ದು. ಪೂರ್ತಿ ನೆಟ್ಟಗಾಗುವುದಿಲ್ಲ.
ಒಂಬತ್ತನೇ ವರ್ಷ, ಸೌನಾದ ಮಾಡಿನಿಂದ ಬಿದ್ದಾಗ
ಗಣಿಯ ರಾತ್ರಿಪಾಳಿ ಮುಗಿಸಿ ಬಂದ ಅಪ್ಪ
ಸೇಬಿನ ಪೆಟ್ಟಿಗೆಯ ಹಲಗೆ ಎರಡು ಸೀಳಿ
ಹಿಟ್ಟಿನ ಚೀಲದ ಬಟ್ಟೆಯಲ್ಲಿ ಬಿಗಿದ.
"ಮಕ್ಕಳ ಮೂಳೆ, ತಾನೇ ಕೂಡುತ್ತೆ."
ಕೂಡಿತು.
ಸೊಟ್ಟಗೆ ಕೂಡಿದ್ದಕ್ಕೆ ಪಿ ಎಂಬ ಅಕ್ಷರವಿದೆ ಎಂದು
ಗೊತ್ತಾದದ್ದು ಕೋಡುಗಳೆಲ್ಲ ಹೊಸದಾದ ವರ್ಷದ ತರಬೇತಿಯಲ್ಲಿ.
ಅಂದು ಊಟದ ಬಿಡುವಿನಲ್ಲಿ ಶೌಚಾಲಯಕ್ಕೆ ಹೋಗಿ
ಕನ್ನಡಿಯೆದುರು ತೋಳು ಮಡಿಸಿ, ಬಿಡಿಸಿ ನೋಡಿಕೊಂಡಳು.
ಅಪ್ಪನ ಮೇಲೆ ಸಿಟ್ಟು ಬರಲಿಲ್ಲ.
ಹಲಗೆಗೆ ಅಂಟಿದ್ದ ಸೇಬಿನ ಚೀಟಿ ನೆನಪಾಯಿತು. ಕೆಂಪು.
ತಿಂಗಳುಗಟ್ಟಲೆ ಮುಖದ ಹತ್ತಿರವೇ ಇತ್ತು.

ಮೂರು ದಿನಕ್ಕೆ ಉತ್ತರ: "ತಡವಾಗಿ ಕೂಡುತ್ತಿದೆ."
ಜಿ ಒತ್ತಿದಳು.
ಜೊತೆಗೆ ಬಿದ್ದ ಬಗೆಯ ಕೋಡು:
ಡಬ್ಲ್ಯು, ಸೊನ್ನೆ, ಒಂಬತ್ತು, ಚುಕ್ಕೆ, ಎರಡು.
ಐದನೆಯ, ಆರನೆಯ ಜಾಗಕ್ಕೆ ಹೇಳಲು ಏನೂ ಇಲ್ಲ,
ಅದಕ್ಕೇ ಎಕ್ಸ್, ಎಕ್ಸ್.
ಅರ್ಥವಿಲ್ಲದ ಎರಡು ಅಕ್ಷರ
ಬಸ್ಸಿನ ಸೀಟಿಗೆ ಎಸೆದ ಟವೆಲಿನ ಹಾಗೆ
ಹಿಂದೆ ಬರುವವನಿಗೆ ಜಾಗ ಹಿಡಿದಿವೆ.
ಅವು ಎದ್ದರೆ ಇಡೀ ಬಿಲ್ಲು ವಾಪಸು.
ಬಂದು ಕೂತವನು ಇಲ್ಲಿ ಡಿ, ಜಿ ಅಲ್ಲ.
ಮೂಳೆ ತಡ ಮಾಡಬಹುದು,
ಬೀಳುವುದಕ್ಕೆ ತಡ ಎಂಬುದಿಲ್ಲ.

ಮತ್ತೊಮ್ಮೆ ಜಿ.
ಆಮೇಲೆ ಮಾರ್ಚ್ ಕೊನೆ,
ಸರೋವರದ ಮಂಜು ಒಡೆದು ವರ್ಷದ ಮೊದಲ ಅದಿರುಹಡಗು
ಸೇತುವೆಯಡಿ ಕೂಗಿದ ಬೆಳಿಗ್ಗೆ:
"ಗೆರೆ ಇಲ್ಲ. ಕೈ ಪೂರ್ತಿ ನೆಟ್ಟಗಾಗುತ್ತದೆ.
ಏಣಿಗೂಡು ಹತ್ತಬಹುದೇ ಎಂದು ರೋಗಿ ಕೇಳಿದಳು."
ಡಾಕ್ಟರು ಏನಂದರೋ ಬರೆದಿಲ್ಲ.
ಅದನ್ನು ಐಲಾ ಕೇಳುವ ಹಾಗೂ ಇಲ್ಲ;
ಯಾವ ಉತ್ತರಕ್ಕೂ ಅಕ್ಷರ ಬದಲಾಗುವುದಿಲ್ಲ.

ಡಿ ಒತ್ತಿ, ಮುಂದಿನ ಕಡತ ತೆರೆಯುವ ಮೊದಲು
"ಹತ್ತು, ಕೈಗವಸು ಬಿಚ್ಚಿ ಹತ್ತು" ಅಂದಳು,
ಅಪ್ಪನ ಫಿನ್ನಿಷಿನಲ್ಲಿ,
ಬಾಯ್ಲರಿಗೆ.